ಆರ್ಕ್ಟಿಕ್‌ಗೆ ನಾಲ್ಕು ದಿನ ಹೋಗಿ ಬರುವುದು: ನಿಮ್ಮ ಪ್ರಶ್ನೆಗಳಿಗೆ ಉತ್ತರ

ಕಳೆದ ಸಂಚಿಕೆಯಲ್ಲಿ ನಾನು ನಾರ್ವೆಯ ಉತ್ತರ ತುದಿಗೆ ಗೈಡ್ ಜೊತೆ ಹೋಗಿ ಬಂದ ಸಣ್ಣ ಪ್ರವಾಸದ ಬಗ್ಗೆ ಒಂದೆರಡು ಮಾತು ಬರೆದಿದ್ದೆ. ಆಮೇಲೆ ಬಂದ ಪತ್ರಗಳಲ್ಲಿ ಮುಕ್ಕಾಲು ಪಾಲು ಅದನ್ನೇ ಕೇಳಿವೆ. ಶುಕ್ರವಾರ ಮಡಿಕೇರಿ ಸಂತೆಯಲ್ಲಿ ಸೊಪ್ಪು ಆರಿಸುತ್ತಿದ್ದಾಗಲೂ ಒಬ್ಬರು ನಿಲ್ಲಿಸಿ, "ಅಲ್ಲಿ ಚಳಿ ತಡೆಯಬಹುದಾ?" ಅಂತ ಕೇಳಿದರು. ಹಾಗಾಗಿ ಈ ಸಲ ಪುಟ ಪೂರ್ತಿ ಅದಕ್ಕೇ. ನಾನು ಎರಡು ಸಲ ಹೋಗಿದ್ದೇನೆ. ಮೊದಲ ಸಲ ಫೆಬ್ರವರಿಯಲ್ಲಿ ಟ್ರೊಮ್ಸೊ ಊರಿಗೆ, ಎರಡನೇ ಸಲ ಸೆಪ್ಟೆಂಬರ್‌ನಲ್ಲಿ ಇನ್ನೂ ಉತ್ತರದ ಸ್ವಾಲ್ಬಾರ್ಡ್ ದ್ವೀಪಗಳಿಗೆ. ಎರಡೂ ಸಲ ನಾಲ್ಕೇ ದಿನ. ಅಷ್ಟರಲ್ಲಿ ಕಂಡಿದ್ದು, ಕಲಿತದ್ದು ಇಷ್ಟು.

ಮಗ ಜರ್ಮನಿಯಲ್ಲಿದ್ದಾನೆ. ಅವನ ಮನೆಗೆ ಹೋದಾಗ ನಾಲ್ಕೈದು ದಿನ ಆರ್ಕ್ಟಿಕ್ ನೋಡಿ ಬರುವ ಆಸೆ. ಟ್ರೊಮ್ಸೊ, ರೊವಾನಿಯೆಮಿ, ಸ್ವಾಲ್ಬಾರ್ಡ್ ಅಂತ ಮೂರು ಹೆಸರು ಹೇಳುತ್ತಾನೆ. ಮೂರನ್ನೂ ಒಂದೇ ಸಲ ನೋಡಬಹುದಾ? ಯಾವ ತಿಂಗಳು ಒಳ್ಳೆಯದು? ನಾವು ಕಾಫಿ ತೋಟದವರು, ತೋಟ ಬಿಟ್ಟು ಹೊರಡುವುದೇ ಕಷ್ಟ.
— ದಂಪತಿ, ವಿರಾಜಪೇಟೆ

ಮೂರೂ ಬೇಡ. ದಯವಿಟ್ಟು ಒಂದೇ ಊರು ಹಿಡಿಯಿರಿ, ಅಲ್ಲೇ ಮೂರು ನಾಲ್ಕು ರಾತ್ರಿ ಉಳಿಯಿರಿ. ಅಲ್ಲಿ ಹವಾಮಾನ ಗಂಟೆಗೊಂದು ಥರ ಇರುತ್ತದೆ. ಒಂದು ದಿನ ಮೋಡ, ಗಾಳಿ ಅಂತ ಕೈತಪ್ಪಿ ಹೋದರೂ ಇನ್ನೊಂದು ದಿನ ಕೈಯಲ್ಲಿರಬೇಕು. ಮೂರು ಊರಿಗೆ ಓಡಿದರೆ ಆ ಇನ್ನೊಂದು ದಿನವೇ ಉಳಿಯುವುದಿಲ್ಲ.

ಭೂಗೋಳ ಸ್ವಲ್ಪ ಹೇಳುತ್ತೇನೆ. ಆರ್ಕ್ಟಿಕ್ ವೃತ್ತ ಅಂದರೆ ಉತ್ತರಕ್ಕೆ ಸುಮಾರು 66.5 ಡಿಗ್ರಿ ಅಕ್ಷಾಂಶದ ಗೆರೆ. ಫಿನ್ಲೆಂಡಿನ ರೊವಾನಿಯೆಮಿ ಹೆಚ್ಚುಕಡಿಮೆ ಆ ಗೆರೆಯ ಮೇಲೇ ಇದೆ. ಸಾಂಟಾ ಕ್ಲಾಸ್ ಹಳ್ಳಿ ಇರುವುದೂ ಅಲ್ಲೇ, ಸಣ್ಣ ಮಕ್ಕಳಿದ್ದರೆ ಅಲ್ಲಿಗೆ ಹೋಗಿ. ಆದರೆ ಸಮುದ್ರದಿಂದ ದೂರದ ಊರಾದ್ದರಿಂದ ಚಳಿಗಾಲದಲ್ಲಿ ಸೊನ್ನೆಗಿಂತ ಇಪ್ಪತ್ತು ಡಿಗ್ರಿ ಕೆಳಗೆ ಹೋಗುವುದು ಮಾಮೂಲು. ನಾರ್ವೆಯ ಟ್ರೊಮ್ಸೊ 69 ಡಿಗ್ರಿ ದಾಟಿದೆ, ಅಂದರೆ ಇನ್ನೂ ಉತ್ತರಕ್ಕಿದೆ. ಆದರೂ ಅಲ್ಲಿ ಚಳಿ ಕಡಿಮೆ! ಅಟ್ಲಾಂಟಿಕ್‌ನ ಬೆಚ್ಚಗಿನ ಪ್ರವಾಹ ಆ ಕರಾವಳಿಯನ್ನು ತಾಗಿ ಹರಿಯುವುದರಿಂದ ಬಂದರಿನ ನೀರು ಹೆಪ್ಪುಗಟ್ಟುವುದಿಲ್ಲ. ಜನವರಿಯ ಸರಾಸರಿ ಸೊನ್ನೆಗಿಂತ ನಾಲ್ಕು ಡಿಗ್ರಿ ಕೆಳಗೆ, ಅಷ್ಟೇ. ಸ್ವಾಲ್ಬಾರ್ಡ್‌ನ ಮುಖ್ಯ ಊರು ಲಾಂಗ್‌ಇಯರ್‌ಬೈನ್ 78 ಡಿಗ್ರಿಯಲ್ಲಿದೆ, ಓಸ್ಲೊದಿಂದ ಮೂರು ಗಂಟೆ ವಿಮಾನ. ಮರವೇ ಇಲ್ಲದ ಊರು. ಕೊಡಗಿನಿಂದ ಹೋದವರಿಗೆ ಮೊದಲು ಕಣ್ಣಿಗೆ ಹೊಡೆಯುವುದು ಅದೇ.

ಮೊದಲ ಸಲ ಹೋಗುವವರು ಟ್ರೊಮ್ಸೊಗೆ ಹೋಗಿ ಅನ್ನುತ್ತೇನೆ. ಯೋಚಿಸಿಯೇ ಹೇಳುತ್ತಿದ್ದೇನೆ. ಓಸ್ಲೊದಿಂದ ಎರಡು ಗಂಟೆ ವಿಮಾನ, ಊರಲ್ಲಿ ಆಸ್ಪತ್ರೆ, ಬಸ್ಸು, ಅಂಗಡಿ ಎಲ್ಲ ಇದೆ, ಸಣ್ಣ ಪ್ರವಾಸ ಕರೆದುಕೊಂಡು ಹೋಗುವವರೂ ಬೇಕಾದಷ್ಟು ಜನ ಇದ್ದಾರೆ.

ತಿಂಗಳ ವಿಷಯಕ್ಕೆ ಬಂದರೆ ತೋಟದವರಿಗೆ ಒಂದು ಅನುಕೂಲ ಇದೆ. ಉತ್ತರದ ಬೆಳಕು, ಅಂದರೆ ರಾತ್ರಿ ಆಕಾಶದಲ್ಲಿ ಅಲೆಯುವ ಬಣ್ಣದ ಬೆಳಕು ಅರೋರಾ, ಕಾಣುವುದು ಸೆಪ್ಟೆಂಬರ್‌ನಿಂದ ಏಪ್ರಿಲ್ ಮೊದಲ ವಾರದ ತನಕ. ಬೇಸಿಗೆಯಲ್ಲಿ ರಾತ್ರಿಯೇ ಆಗುವುದಿಲ್ಲ; ಟ್ರೊಮ್ಸೊದಲ್ಲಿ ಮೇ 20ರ ಸುಮಾರಿಗೆ ಮೇಲೆ ನಿಂತ ಸೂರ್ಯ ಜುಲೈ 22ರ ತನಕ ಮುಳುಗುವುದೇ ಇಲ್ಲ, ಹಾಗಾಗಿ ಆಗ ಅರೋರಾ ಕೇಳಬೇಡಿ. ನವೆಂಬರ್ ಕೊನೆಯಿಂದ ಜನವರಿ ಮಧ್ಯದ ತನಕ ಸೂರ್ಯ ಹುಟ್ಟುವುದಿಲ್ಲ, ಮಧ್ಯಾಹ್ನ ಒಂದೆರಡು ಗಂಟೆ ನೀಲಿ ಬೆಳಕು ಮಾತ್ರ. ಹಿಮ, ಹಗಲು, ಅರೋರಾ ಮೂರೂ ಬೇಕೆಂದರೆ ಫೆಬ್ರವರಿ, ಮಾರ್ಚ್. ಆದರೆ ಆಗ ನಿಮಗೆ ರೊಬಸ್ಟಾ ಕಾಫಿ ಕೊಯ್ಲು, ಕಾಫಿ ಹೂ ಅರಳಿಸುವ ಹೂಮಳೆ ಬರದಿದ್ದರೆ ಸ್ಪ್ರಿಂಕ್ಲರ್ ಓಡಿಸುವ ತಲೆಬಿಸಿ. ಅದನ್ನು ಬಿಟ್ಟು ಯಾರು ಹೊರಡುತ್ತಾರೆ? ಅದಕ್ಕೇ ಸೆಪ್ಟೆಂಬರ್ ಕೊನೆ ನೋಡಿ. ಕೈಲ್‌ಪೊಳ್ದ್ ಹಬ್ಬ ಮುಗಿದಿರುತ್ತದೆ, ಮಳೆ ಇಳಿದಿರುತ್ತದೆ, ಕೊಯ್ಲಿಗೆ ಇನ್ನೂ ಸಮಯ ಇರುತ್ತದೆ. ಅಲ್ಲಿ ಹಿಮ ಇರುವುದಿಲ್ಲ, ಆದರೆ ಬರ್ಚ್ ಮರಗಳೆಲ್ಲ ಹಳದಿ ತಿರುಗಿರುತ್ತವೆ. ಕೆರೆಗಳು ಹೆಪ್ಪುಗಟ್ಟಿರುವುದಿಲ್ಲ, ಬೆಳಕು ಬಂದರೆ ನೀರಲ್ಲೂ ಕಾಣುತ್ತದೆ. ಹಗಲು ರಾತ್ರಿ ಸಮ ಆಗುವ ಆ ದಿನಗಳಲ್ಲಿ ಅರೋರಾ ಚಟುವಟಿಕೆ ಸ್ವಲ್ಪ ಜಾಸ್ತಿಯೂ ಇರುತ್ತದೆ.

ವೀಸಾ: ಷೆಂಗೆನ್ ವೀಸಾ, ಅಂದರೆ ಯೂರೋಪಿನ ಹಲವು ದೇಶಗಳಿಗೆ ಸೇರಿಸಿ ಕೊಡುವ ಒಂದೇ ವೀಸಾ, ಇದ್ದರೆ ನಾರ್ವೆಗೂ ನಡೆಯುತ್ತದೆ. ಸ್ವಾಲ್ಬಾರ್ಡ್‌ಗೆ ಮಾತ್ರ ಹುಷಾರು. ಆ ದ್ವೀಪಗಳು ಷೆಂಗೆನ್ ಹೊರಗಿವೆ. ಅಲ್ಲಿಗೆ ಹೋಗಿ ವಾಪಸ್ ಓಸ್ಲೊಗೆ ಇಳಿದರೆ ಎರಡನೇ ಸಲ ಒಳಗೆ ಬಂದ ಲೆಕ್ಕ. ಒಂದೇ ಪ್ರವೇಶದ ವೀಸಾ ಇದ್ದವರು ಸಿಕ್ಕಿಹಾಕಿಕೊಳ್ಳುತ್ತಾರೆ. ಅರ್ಜಿ ಹಾಕುವಾಗಲೇ ಎರಡು ಅಥವಾ ಹಲವು ಪ್ರವೇಶ ಅಂತ ಕೇಳಿಕೊಳ್ಳಿ.

ಅಷ್ಟು ದುಡ್ಡು ಕೊಟ್ಟು ಹೋದ ಮೇಲೆ ಉತ್ತರದ ಬೆಳಕು ಖಂಡಿತ ಕಾಣುತ್ತದಾ? ಟೂರಿನವರು ಗ್ಯಾರಂಟಿ ಕೊಡುತ್ತಾರಾ?
— ಶಾಲಾ ಶಿಕ್ಷಕಿ, ಸೋಮವಾರಪೇಟೆ

ಗ್ಯಾರಂಟಿ ಯಾರೂ ಕೊಡಲಾರರು ಟೀಚರ್. ಕೆಲವರು ಮೊದಲ ರಾತ್ರಿ ಕಾಣದಿದ್ದರೆ ಇನ್ನೊಂದು ರಾತ್ರಿ ಬಿಟ್ಟಿಯಾಗಿ ಅಥವಾ ಅರ್ಧ ದುಡ್ಡಿಗೆ ಕರೆದುಕೊಂಡು ಹೋಗುತ್ತಾರೆ, ಅಷ್ಟೇ. ಬುಕ್ ಮಾಡುವ ಮೊದಲು ಅದನ್ನು ಕೇಳಿ.

ನಿಮ್ಮ ಮಕ್ಕಳಿಗೂ ಹೇಳಬಹುದು ಅಂತ ಕಾರಣ ಬಿಡಿಸಿ ಬರೆಯುತ್ತೇನೆ. ಸೂರ್ಯನಿಂದ ವಿದ್ಯುತ್ ಕಣಗಳು ಸದಾ ಹೊರಗೆ ಬೀಸುತ್ತಿರುತ್ತವೆ. ಭೂಮಿಯ ಕಾಂತಕ್ಷೇತ್ರ ಅವುಗಳಲ್ಲಿ ಒಂದಷ್ಟನ್ನು ಧ್ರುವಗಳ ಸುತ್ತ ಇಳಿಸುತ್ತದೆ. ಅವು ಮೇಲಿನ ಗಾಳಿಗೆ ಡಿಕ್ಕಿ ಹೊಡೆದಾಗ ಬೆಳಕು. ನೂರು, ನೂರೈವತ್ತು ಕಿಲೋಮೀಟರ್ ಎತ್ತರದ ಆಮ್ಲಜನಕದಿಂದ ಹಸಿರು, ಇನ್ನೂ ಮೇಲಿನದರಿಂದ ಕೆಂಪು, ಸಾರಜನಕದಿಂದ ನೇರಳೆ, ಗುಲಾಬಿ. ಮೋಡ ಇರುವುದು ಹತ್ತು ಕಿಲೋಮೀಟರ್ ಒಳಗೆ. ಅಂದರೆ ಮೇಲೆ ಎಷ್ಟೇ ಜೋರಾಗಿ ನಡೆಯುತ್ತಿದ್ದರೂ ಕೆಳಗೆ ಮೋಡ ಮುಚ್ಚಿದರೆ ನಮಗೆ ಏನೂ ಇಲ್ಲ. ಜೀಪಿನಲ್ಲಿ ಮಾಂದಲಪಟ್ಟಿ ಬೆಟ್ಟಕ್ಕೆ ಹತ್ತಿ ಬರೀ ಬಿಳಿ ಮಂಜು ನೋಡಿ ಇಳಿದವರಿಗೆ ಇದು ಹೊಸದೇನಲ್ಲ, ಅಲ್ವಾ?

ಅದಕ್ಕೇ ಟ್ರೊಮ್ಸೊದಲ್ಲಿ "ಬೆನ್ನಟ್ಟುವ" ಟೂರು ಅಂತ ಇವೆ. ಸಂಜೆ ಆರೇಳಕ್ಕೆ ಊರಿಂದ ಹೊರಡುತ್ತಾರೆ. ಗೈಡ್ ಉಪಗ್ರಹದ ಚಿತ್ರ ನೋಡಿಕೊಂಡು ಎಲ್ಲಿ ಮೋಡ ಹರಿದಿದೆಯೋ ಅಲ್ಲಿಗೆ ಓಡಿಸುತ್ತಾರೆ. ಕರಾವಳಿಯಲ್ಲಿ ಮೋಡ ಇದ್ದರೆ ಒಳನಾಡಿಗೆ, ಕೆಲವೊಮ್ಮೆ ಫಿನ್ಲೆಂಡ್ ಗಡಿ ದಾಟಿ. ಆದ್ದರಿಂದ ಪಾಸ್‌ಪೋರ್ಟ್ ಜೇಬಲ್ಲಿರಲಿ. ವಾಪಸ್ ಬರುವಾಗ ರಾತ್ರಿ ಒಂದು, ಎರಡು ಗಂಟೆ. ದರ ಒಬ್ಬರಿಗೆ ಸಾವಿರದಿಂದ ಎರಡು ಸಾವಿರ ಕ್ರೋನ್ ಆಸುಪಾಸು. ಕ್ರೋನಿಗೆ ಎಂಟು ಒಂಬತ್ತು ರೂಪಾಯಿ ಅಂತ ಲೆಕ್ಕ ಹಾಕಿಕೊಳ್ಳಿ.

ಮೊದಲ ರಾತ್ರಿ ನಾನು ಅಗ್ಗ ಅಂತ ಐವತ್ತು ಜನರ ದೊಡ್ಡ ಬಸ್ಸು ಹತ್ತಿದೆ. ಅವರು ಒಂದೇ ಜಾಗಕ್ಕೆ ಕರೆದೊಯ್ದು ನಿಲ್ಲಿಸಿದರು. ಮೋಡ. ಮೂರು ಗಂಟೆ ನಿಂತು ಬಂದೆವು. ಬೇಜಾರಾಯಿತು. ಎರಡನೇ ರಾತ್ರಿ ಎಂಟು ಜನರ ವ್ಯಾನು. ಗೈಡ್ ಹುಡುಗಿ ಎರಡು ಗಂಟೆ ಓಡಿಸಿದಳು, ದಾರಿಯಲ್ಲಿ ಎರಡು ಕಡೆ ನಿಲ್ಲಿಸಿ, ಆಕಾಶ ನೋಡಿ, ತಲೆಯಾಡಿಸಿ ಮುಂದೆ ಹೋದಳು. ಕೊನೆಗೆ ಒಂದು ಬಯಲಿನಲ್ಲಿ ಎಂಜಿನ್ ಆರಿಸಿದಳು. ನಕ್ಷತ್ರ ಕಾಣುತ್ತಿತ್ತು. ಮೊದಲು ನನಗೆ ಕಂಡಿದ್ದು ಬೆಟ್ಟದ ಹಿಂದಿಂದ ಎದ್ದ ಬೂದು ಬಿಳುಪು. ಬೆಳಗಿನ ಜಾವ ತೋಟದ ಕಣಿವೆಯಲ್ಲಿ ನಾವು ದಿನಾ ನೋಡುವ ಮಂಜಿನ ಹಾಗೇ. ನಾನು ಮೋಡ ಅಂದುಕೊಂಡೆ. ಅವಳು ಕ್ಯಾಮೆರಾದಲ್ಲಿ ಒಂದು ಚಿತ್ರ ತೆಗೆದು ತೋರಿಸಿದಳು, ಅದರಲ್ಲಿ ಹಸಿರು! ಮಂದ ಬೆಳಕಿನಲ್ಲಿ ನಮ್ಮ ಕಣ್ಣಿಗೆ ಬಣ್ಣ ಸರಿಯಾಗಿ ಗೊತ್ತಾಗುವುದಿಲ್ಲ, ಕ್ಯಾಮೆರಾ ನಾಲ್ಕೈದು ಸೆಕೆಂಡಿನ ಬೆಳಕನ್ನು ಕೂಡಿಸಿಕೊಳ್ಳುತ್ತದೆ. ಹತ್ತು ನಿಮಿಷ ಆಗಿರಬೇಕು. ಆ ಬಿಳುಪಿಗೆ ಒಂದು ಅಂಚು ಬಂತು, ಅಂಚು ಅಲುಗಿತು, ಆಮೇಲೆ ಬಾಗಿಲಿಗೆ ಕಟ್ಟಿದ ತೆಳು ಬಟ್ಟೆ ಗಾಳಿಗೆ ಆಡುವ ಹಾಗೆ ಆಕಾಶದ ಈ ಕಡೆಯಿಂದ ಆ ಕಡೆಗೆ ಅಲೆಯಿತು. ಈಗ ಬರಿಗಣ್ಣಿಗೇ ಹಸಿರು, ಕೆಳಗಿನ ಅಂಚಿಗೆ ಗುಲಾಬಿ. ಯಾರೂ ಮಾತಾಡಲಿಲ್ಲ. ಯಾರೋ ಕಾಲು ಬದಲಿಸಿದಾಗ ಹಿಮ ಕರಕರ ಅಂದಿದ್ದು ಕೇಳಿಸಿತು. ನನ್ನ ಕಣ್ಣಲ್ಲಿ ನೀರು ಬಂದಿತ್ತು, ರೆಪ್ಪೆ ಮೇಲೆ ಅದೂ ಹೆಪ್ಪುಗಟ್ಟಿತು.

ತಲಕಾವೇರಿಯಲ್ಲಿ ತೀರ್ಥೋದ್ಭವಕ್ಕೆ ಕಾಯುವಾಗ ಪಂಚಾಂಗದಲ್ಲಿ ಗಳಿಗೆ ಬರೆದಿರುತ್ತದೆ. ಇಲ್ಲಿ ಬರೆದಿಟ್ಟ ಗಳಿಗೆ ಇಲ್ಲ. ಕನಿಷ್ಠ ಮೂರು ರಾತ್ರಿ ಇಟ್ಟುಕೊಳ್ಳಿ, ಬಂದ ಮೊದಲ ರಾತ್ರಿಯೇ ಚಿಕ್ಕ ವ್ಯಾನಿನ ಟೂರು ಹತ್ತಿ. ಅಂದೇ ಕಂಡರೆ ಉಳಿದ ದಿನ ನೆಮ್ಮದಿ. ಮೊಬೈಲಿನಲ್ಲಿ ನೈಟ್ ಮೋಡ್ ಹಾಕಿ, ಫ್ಲಾಶ್ ಮಾತ್ರ ಬೇಡ. ಪಕ್ಕದವರ ಚಿತ್ರವೂ ಹಾಳಾಗುತ್ತದೆ, ಕತ್ತಲೆಗೆ ಒಗ್ಗಿದ ಎಲ್ಲರ ಕಣ್ಣೂ ಹಾಳಾಗುತ್ತದೆ.

ಚಳಿಗೆ ಏನು ಬಟ್ಟೆ? ಅಲ್ಲೇ ಬಾಡಿಗೆಗೆ ಸಿಗುತ್ತದಾ, ಇಲ್ಲೇ ಕೊಳ್ಳಬೇಕಾ?
— ಓದುಗರು, ಕುಶಾಲನಗರ

ದಪ್ಪ ಓವರ್‌ಕೋಟು ಕೊಳ್ಳಲು ಹೋಗಬೇಡಿ. ರಾತ್ರಿ ಟೂರಿನವರು ಬಹುಪಾಲು ಮೈತುಂಬ ಮುಚ್ಚುವ ದಪ್ಪ ಸೂಟು ಕೊಡುತ್ತಾರೆ, ಕೆಲವರು ಬೂಟನ್ನೂ ಕೊಡುತ್ತಾರೆ. ನೀವು ದುಡ್ಡು ಹಾಕಬೇಕಾದ್ದು ಒಳಗಿನ ಪದರಕ್ಕೆ. ಮೈಗಂಟುವ ಉಣ್ಣೆಯ ಥರ್ಮಲ್ ಎರಡು ಜೊತೆ, ಅದರ ಮೇಲೆ ಉಣ್ಣೆ ಸ್ವೆಟರ್, ಹೊರಗೆ ಗಾಳಿ ತಡೆಯುವ ಜಾಕೆಟ್. ಒಳಗೆ ಹತ್ತಿ ಬನಿಯನ್ ಬೇಡ, ಬೆವರು ಹೀರಿಕೊಂಡು ಒದ್ದೆಯಾಗಿ ಮೈ ಕೊರೆಯುತ್ತದೆ. ಶೂ ಒಂದು ಸೈಜ್ ದೊಡ್ಡದಿರಲಿ. ಎರಡು ಸಾಕ್ಸ್ ಹಾಕಿ ಬಿಗಿಯಾದರೆ ರಕ್ತ ಓಡದೆ ಬೆರಳು ಇನ್ನೂ ತಣ್ಣಗಾಗುತ್ತದೆ.

ಚಳಿಗಿಂತ ನಾನು ಹೆದರಬೇಕಾಗಿದ್ದು ಜಾರುವ ನೆಲಕ್ಕೆ. ಆಷಾಢದಲ್ಲಿ ಪಾಚಿ ಹಿಡಿದ ಕಲ್ಲಿನ ಅಂಗಳದಲ್ಲಿ ಹೇಗೆ ನಡೆಯುತ್ತೇವೋ ಹಾಗೇ ನಡೆಯಬೇಕು, ಸಣ್ಣ ಹೆಜ್ಜೆ, ಪೂರ್ತಿ ಪಾದ ಊರಿ. ನಾನು ಎರಡನೇ ದಿನ ಹೋಟೆಲ್ ಮುಂದಿನ ಇಳಿಜಾರಿನಲ್ಲಿ ಬಿದ್ದು ಮಣಿಕಟ್ಟು ಉಳುಕಿಸಿಕೊಂಡೆ. ಉಳಿದ ಪ್ರವಾಸ ಒಂದೇ ಕೈಯಲ್ಲಿ. ಶೂ ತಳಕ್ಕೆ ಸಿಕ್ಕಿಸುವ ಮುಳ್ಳಿನ ಪಟ್ಟಿ ಅಲ್ಲಿನ ಅಂಗಡಿಗಳಲ್ಲಿ "ಬ್ರೊಡರ್" ಅಂತ ಸಿಗುತ್ತದೆ. ಬಂದಿಳಿದ ದಿನವೇ ತಗೊಳ್ಳಿ. ಪ್ರಯಾಣ ವಿಮೆಯನ್ನೂ ಸುಮ್ನೆ ವೀಸಾಕ್ಕೆ ಬೇಕು ಅಂತ ಮಾಡಿಸಬೇಡಿ, ಓದಿ ಮಾಡಿಸಿ. ಷೆಂಗೆನ್‌ಗೆ ಕನಿಷ್ಠ 30,000 ಯೂರೋ ವೈದ್ಯಕೀಯ ರಕ್ಷಣೆ ಇರಲೇಬೇಕು.

ಮೊಬೈಲ್ ಬ್ಯಾಟರಿ ಚಳಿಗೆ ಬೇಗ ಇಳಿಯುತ್ತದೆ, ಒಳ ಜೇಬಲ್ಲಿಡಿ.

ನನಗೆ 68 ವರ್ಷ. ಮಂಡಿ ನೋವಿದೆ. ಮಗಳು ಬಾ ಅಮ್ಮ ಅನ್ನುತ್ತಿದ್ದಾಳೆ. ನಾನು ಹೋದರೆ ಅವರಿಗೆ ತೊಂದರೆ ಆಗುವುದಿಲ್ವಾ?
— ನಾಪೋಕ್ಲು ಕಡೆಯ ಒಬ್ಬ ತಾಯಿ

ಹೋಗಿ ಅಮ್ಮ. ಸಣ್ಣ ಟೂರುಗಳು ಇರುವುದೇ ನಿಮ್ಮಂಥವರಿಗೆ.

ನಾಯಿ ಎಳೆಯುವ ಜಾರುಬಂಡಿ, ಹಿಮದ ಮೇಲೆ ಓಡುವ ಮೋಟಾರು ಬಂಡಿ ಇವೆರಡನ್ನು ಬಿಡಿ. ಎಗರಿಸಿ ಹಾಕುತ್ತವೆ, ಮಂಡಿಗೆ ಸೊಂಟಕ್ಕೆ ಆಗಿಬರುವುದಿಲ್ಲ. ಟ್ರೊಮ್ಸೊದಲ್ಲಿ ಕೇಬಲ್ ಕಾರ್ ಇದೆ, 1961ರಿಂದ ಓಡುತ್ತಿದೆ, ನಾಲ್ಕು ನಿಮಿಷದಲ್ಲಿ 421 ಮೀಟರ್ ಎತ್ತರಕ್ಕೆ ಹತ್ತಿಸುತ್ತದೆ. ಮೇಲೆ ಹೋಟೆಲಿನ ಗಾಜಿನ ಹಿಂದೆ ಕೂತೇ ಊರಿರುವ ಇಡೀ ದ್ವೀಪ, ಸೇತುವೆ, ಸುತ್ತಲಿನ ಬಿಳಿ ಬೆಟ್ಟ ನೋಡಬಹುದು. ಹಗಲು ವ್ಯಾನಿನಲ್ಲಿ ಫ್ಯೋರ್ಡ್ ತೋರಿಸುವ ಟೂರು ಇದೆ. ಫ್ಯೋರ್ಡ್ ಅಂದರೆ ಹಿಂದೆ ಹಿಮನದಿ ಕೊರೆದ ಕಣಿವೆಗೆ ಸಮುದ್ರ ನುಗ್ಗಿ ಆದ ಉದ್ದನೆ ಕೊಲ್ಲಿ. ಬೇಕಾದಲ್ಲಿ ಇಳಿಯಿರಿ, ಬೇಡವಾದಲ್ಲಿ ಕೂತಿರಿ.

ನಿಮಗೆ ನಾನು ಎಲ್ಲಕ್ಕಿಂತ ಜಾಸ್ತಿ ಹೇಳುವುದು ಸಾಮಿ ಜನರ ಹಿಮಸಾರಂಗ ನೋಡಲು ಹೋಗುವ ಟೂರು. ಸಾಮಿಗಳು ನಾರ್ವೆ, ಸ್ವೀಡನ್, ಫಿನ್ಲೆಂಡ್, ರಷ್ಯಾದ ಉತ್ತರದ ಮೂಲ ನಿವಾಸಿಗಳು. ಅವರಿಗೆ ಅವರದೇ ಭಾಷೆಗಳು, ಅವರದೇ ಉಡುಗೆ. ಫೆಬ್ರವರಿ 6 ಅವರ ರಾಷ್ಟ್ರೀಯ ದಿನ. ಲಾವ್ವು ಅನ್ನುವ ಗುಡಾರದೊಳಗೆ ಬೆಂಕಿ ಸುತ್ತ ಕೂರಿಸಿ ಸಾರಂಗದ ಮಾಂಸ, ಆಲೂಗಡ್ಡೆ ಹಾಕಿದ ಬಿಸಿ ಸಾರು ಕೊಡುತ್ತಾರೆ. ಅಲ್ಲಿ ಒಬ್ಬ ಹಿರಿಯರು ಯೋಯ್ಕ್ ಹಾಡಿದರು. ಒಬ್ಬ ಮನುಷ್ಯನನ್ನೋ ಪ್ರಾಣಿಯನ್ನೋ ಬೆಟ್ಟವನ್ನೋ ನೆನೆದು ಹಾಡುವ ಹಾಡು, ಕೆಲವೊಮ್ಮೆ ಪದವೇ ಇರುವುದಿಲ್ಲ. ಅವರು ತೀರಿಕೊಂಡ ಅಮ್ಮನದನ್ನು ಹಾಡಿದರು. ನನಗೆ ಪುತ್ತರಿ ಸುಗ್ಗಿ ಹಬ್ಬದ ಸಮಯದಲ್ಲಿ ದುಡಿ ಹಿಡಿದು ಹಾಡುವ ನಮ್ಮ ಹಿರಿಯರು ನೆನಪಾದರು. ಸಾರಂಗಕ್ಕೆ ನೀವೇ ಕೈಯಿಂದ ಮೇವು ಹಾಕಬಹುದು, ಮೂತಿ ಮೆತ್ತಗೆ, ಬೆಚ್ಚಗಿರುತ್ತದೆ.

ಇನ್ನೊಂದು ವಿಷಯ ಹೆಂಗಸರು ಕೇಳಲು ಹಿಂಜರಿಯುತ್ತಾರೆ, ನಾನೇ ಹೇಳುತ್ತೇನೆ. ರಾತ್ರಿ ಟೂರು ಏಳು ಗಂಟೆ ಹೊತ್ತು ನಡೆಯುತ್ತದೆ. ದಾರಿಯಲ್ಲಿ ಟಾಯ್ಲೆಟ್ ಎಲ್ಲಿ, ಎಷ್ಟು ಹೊತ್ತಿಗೊಮ್ಮೆ ನಿಲ್ಲಿಸುತ್ತಾರೆ ಅಂತ ಬುಕ್ ಮಾಡುವಾಗಲೇ ಕೇಳಿಸಿ. ಬಸ್ಸಿನಲ್ಲೇ ಟಾಯ್ಲೆಟ್ ಇರುವ ಟೂರುಗಳೂ ಇವೆ. ಆ ವಿಷಯಕ್ಕೆ ಮಾತ್ರ ದೊಡ್ಡ ಬಸ್ಸು ಒಳ್ಳೆಯದು.

ಊಟದ ಕತೆ ಏನು? ಪಂದಿ ಉಪ್ಪಿನಕಾಯಿ, ಒಣಮಾಂಸ ಕಟ್ಟಿಕೊಂಡು ಹೋಗಬಹುದಾ? ನಮ್ಮ ಜೊತೆ ಬರುವವರು ಸಸ್ಯಾಹಾರಿಗಳು.
— ಓದುಗರು, ಪೊನ್ನಂಪೇಟೆ

ಕೊಂಡೊಯ್ಯಬೇಡಿ. ನಮ್ಮ ದೇಶದಿಂದ ನಾರ್ವೆಗೆ ಮಾಂಸ, ಹಾಲಿನ ಪದಾರ್ಥ ಒಯ್ಯುವಂತಿಲ್ಲ. ತುಪ್ಪವೂ ಅದರಲ್ಲೇ ಬಂತು. ಚಟ್ನಿಪುಡಿ, ಅವಲಕ್ಕಿ, ಕಾಫಿಪುಡಿ ಇಟ್ಟುಕೊಳ್ಳಿ. ಹೊರಗೆ ಊಟ ತುಂಬಾ ದುಬಾರಿ, ಹಾಗಾಗಿ ಅಡುಗೆಮನೆ ಇರುವ ರೂಮು ಹಿಡಿದರೆ ಅನ್ನ ಸಾರು ಮಾಡಿಕೊಳ್ಳಬಹುದು. ನಲ್ಲಿ ನೀರು ಧಾರಾಳವಾಗಿ ಕುಡಿಯಿರಿ, ಬಾಟಲಿಗೆ ದುಡ್ಡು ಸುರಿಯಬೇಡಿ. ಸಸ್ಯಾಹಾರಿಗಳು ಟೂರಿನವರಿಗೆ ಮುಂಚೆಯೇ ಬರೆದು ತಿಳಿಸಿದರೆ ತರಕಾರಿ ಸೂಪು ಇಟ್ಟಿರುತ್ತಾರೆ, ಅಲ್ಲಿ ಹೋಗಿ ಹೇಳಿದರೆ ಬ್ರೆಡ್ಡೇ ಗತಿ.

ಕಾಫಿ ಮಾತ್ರ ನಮ್ಮವರು ಒಮ್ಮೆ ಕುಡಿದು ನೋಡಲೇಬೇಕು. ತಲೆಗಿಷ್ಟು ಅಂತ ಲೆಕ್ಕ ಹಾಕಿದರೆ ಜಗತ್ತಿನಲ್ಲೇ ಅತಿ ಹೆಚ್ಚು ಕಾಫಿ ಕುಡಿಯುವ ದೇಶಗಳಲ್ಲಿ ನಾರ್ವೆ ಒಂದು. ಹುರಿಯುವುದು ಹದವಾಗಿ, ತಿಳಿ ಕಂದು ಬಣ್ಣಕ್ಕೆ. ಚಿಕೋರಿ ಇಲ್ಲ, ಹಾಲಿಲ್ಲ. ಮೊದಲ ಗುಟುಕು ಹುಳಿ ಅನಿಸಿತು, ಎರಡನೇ ದಿನಕ್ಕೆ ಒಳ್ಳೆ ಅರೇಬಿಕಾದ ರುಚಿ ಅಂದರೆ ಏನು ಅಂತ ನಾಲಿಗೆಗೆ ಗೊತ್ತಾಯಿತು.

ಸ್ವಾಲ್ಬಾರ್ಡ್‌ನಲ್ಲಿ ಹಿಮಕರಡಿ ಇದೆಯಂತೆ, ಎಲ್ಲರೂ ಕೋವಿ ಹಿಡಿದೇ ಓಡಾಡುತ್ತಾರಂತೆ. ಹೌದಾ? ನಮಗೂ ಹಿಡಿಯಲು ಬಿಡುತ್ತಾರಾ?
— ಕೋವಿ ಮನೆಯಲ್ಲಿರುವ ಓದುಗರು, ಮಡಿಕೇರಿ ತಾಲ್ಲೂಕು

ಅರ್ಧ ನಿಜ. ಊರೊಳಗೆ ಗುಂಡು ತುಂಬಿದ ಕೋವಿ ಹಿಡಿಯುವಂತಿಲ್ಲ. ಊರ ಗಡಿ ದಾಟಿದರೆ ಕರಡಿಯನ್ನು ಬೆದರಿಸಿ ಓಡಿಸುವ ಸಾಧನ ಇರಲೇಬೇಕು. ಗೈಡ್ ಬಳಿ ಸದ್ದು ಬೆಳಕು ಹಾರಿಸುವ ಪಿಸ್ತೂಲು, ಹೆಗಲಿಗೆ ಕೋವಿ ಎರಡೂ ಇರುತ್ತವೆ. ಕೊಡಗಿನಲ್ಲಿ ನಮಗಿರುವ ಕೋವಿ ಪರವಾನಗಿ ವಿನಾಯಿತಿ ಅಲ್ಲಿ ನಡೆಯುವುದಿಲ್ಲ, ಬಾಡಿಗೆಗೆ ಪಡೆಯಲೂ ಗವರ್ನರ್ ಕಚೇರಿಯ ಅನುಮತಿ ಬೇಕು. ಗೈಡ್ ಜೊತೆ ಹೋಗುವವರಿಗೆ ಆ ಯೋಚನೆಯೇ ಬೇಡ.

ಕೋವಿ ಇರುವ ಮನೆಯವರಿಗೆ ಇದು ಚೆನ್ನಾಗಿ ಅರ್ಥ ಆಗುತ್ತದೆ ಅಂದುಕೊಂಡಿದ್ದೇನೆ. ನಮ್ಮಲ್ಲಿ ಕೈಲ್‌ಪೊಳ್ದಿಗೆ ಕೋವಿಗೆ ಹೂವಿಟ್ಟು ಪೂಜೆ ಮಾಡುತ್ತೇವೆ, ಸುಮ್ನೆ ಝಳಪಿಸುವ ವಸ್ತು ಅಲ್ಲ ಅಂತ ಹಿರಿಯರು ಹೇಳಿಕೊಟ್ಟಿದ್ದಾರೆ. ನಮ್ಮ ಗೈಡ್ ಕೂಡ ಅಷ್ಟೇ ಜೋಪಾನವಾಗಿ ಹಿಡಿದಿದ್ದರು. ಹತ್ತು ವರ್ಷದಲ್ಲಿ ಒಮ್ಮೆಯೂ ಕರಡಿ ಕಡೆಗೆ ಎತ್ತಬೇಕಾಗಿ ಬಂದಿಲ್ಲ, ಬರಬಾರದು ಅಂದರು. ಅಲ್ಲಿ 1973ರಿಂದ ಹಿಮಕರಡಿಗೆ ರಕ್ಷಣೆ ಇದೆ. ಕರಡಿ ಸತ್ತರೆ ಗವರ್ನರ್ ಕಚೇರಿ ವಿಚಾರಣೆ ಮಾಡುತ್ತದೆ. 2025ರಿಂದ ನಿಯಮ ಇನ್ನೂ ಬಿಗಿಯಾಗಿದೆ: ಕರಡಿಯಿಂದ ಕನಿಷ್ಠ 300 ಮೀಟರ್ ದೂರ, ಮಾರ್ಚ್‌ನಿಂದ ಜೂನ್ ಕೊನೆಯ ತನಕ 500 ಮೀಟರ್. ಕಾಫಿ ತೋಟದಲ್ಲಿ ಆನೆ ಬಂದಾಗ ಏನು ಮಾಡಬೇಕು ಅಂತ ನಮಗೆ ಯಾರೂ ಹೇಳಿಕೊಡಬೇಕಿಲ್ಲ. ಇದೂ ಅದೇ.

ನಾಲ್ಕು ದಿನದ ಪ್ರವಾಸದಲ್ಲಿ ಕರಡಿ ಕಾಣುವ ಸಂಭವ ತೀರಾ ಕಡಿಮೆ. ನಾನು ನೋಡಿದ್ದು ಕರಡಿ ಚಿತ್ರದ ರಸ್ತೆ ಫಲಕ ಮಾತ್ರ. "ಇಡೀ ಸ್ವಾಲ್ಬಾರ್ಡ್‌ಗೆ ಅನ್ವಯ" ಅಂತ ಅದರಲ್ಲಿ ಬರೆದಿರುತ್ತದೆ. ಮೂರು ಗಂಟೆಯ ವ್ಯಾನ್ ಟೂರಿನಲ್ಲಿ ಅದರ ಮುಂದೆ ನಿಲ್ಲಿಸುತ್ತಾರೆ. ಅದೇ ಟೂರಿನಲ್ಲಿ ಗಿಡ್ಡ ಕಾಲಿನ ಸಾರಂಗಗಳು ರಸ್ತೆ ಪಕ್ಕ ಮೇಯುವುದು, ಹಳೆ ಕಲ್ಲಿದ್ದಲು ಗಣಿಯ ಮರದ ಕಂಬಗಳು, ಬೆಟ್ಟದೊಳಗಿನ ಬೀಜ ಭಂಡಾರದ ಬಾಗಿಲು ಕಾಣುತ್ತವೆ. ಜಗತ್ತಿನ ಬೆಳೆಗಳ ಬೀಜ ಕಾಪಿಡುವ ಈ ಭಂಡಾರ 2008ರಲ್ಲಿ ಶುರುವಾಯಿತು. ಒಳಗೆ ಬಿಡುವುದಿಲ್ಲ. ಆದರೆ ಹೈದರಾಬಾದ್ ಬಳಿಯ ಇಕ್ರಿಸ್ಯಾಟ್ ಬೆಳೆ ಸಂಶೋಧನಾ ಸಂಸ್ಥೆ ಕಳಿಸಿದ ಜೋಳ, ತೊಗರಿ, ಕಡಲೆ ಬೀಜ ಆ ಬಾಗಿಲ ಹಿಂದೆ ಸೊನ್ನೆಗಿಂತ 18 ಡಿಗ್ರಿ ಕೆಳಗಿನ ಚಳಿಯಲ್ಲಿ ಮಲಗಿವೆ ಅಂತ ಗೊತ್ತಿದ್ದು ನಿಂತರೆ ಅನುಭವವೇ ಬೇರೆ. ಹೋಟೆಲ್, ಮ್ಯೂಸಿಯಂ ಬಾಗಿಲಲ್ಲಿ ಶೂ ಬಿಚ್ಚಿಡಬೇಕು. ಗಣಿಯವರು ಕಲ್ಲಿದ್ದಲ ಮಸಿ ಒಳಗೆ ತರಬಾರದು ಅಂತ ಶುರುವಾದ ಪದ್ಧತಿ. ನಮಗೆ ಮನೆಗೆ ಹೋದ ಹಾಗೇ ಅನಿಸುತ್ತದೆ.

ಭಾರತದ ಸಂಶೋಧನಾ ಕೇಂದ್ರ ಅಲ್ಲಿದೆ ಅಂತ ಓದಿದೆ. ನೋಡಬಹುದಾ?
— ಪದವಿ ವಿದ್ಯಾರ್ಥಿ, ಮಡಿಕೇರಿ

ಇದೆ. ಹೆಸರು ಹಿಮಾದ್ರಿ. 2008ರ ಜುಲೈನಲ್ಲಿ ಸ್ವಾಲ್ಬಾರ್ಡ್‌ನ ನ್ಯೂ ಆಲೆಸುಂಡ್ ಅನ್ನುವ ಪುಟ್ಟ ಊರಲ್ಲಿ ಶುರುವಾಯಿತು. ಅಲ್ಲಿಂದ ಉತ್ತರ ಧ್ರುವ ಸುಮಾರು 1,200 ಕಿಲೋಮೀಟರ್. ನಡೆಸುವುದು ಗೋವಾದಲ್ಲಿರುವ ರಾಷ್ಟ್ರೀಯ ಧ್ರುವ ಮತ್ತು ಸಾಗರ ಸಂಶೋಧನಾ ಕೇಂದ್ರ. ಹಲವು ದಿನದ ಹಡಗು ಪ್ರವಾಸಗಳು ಅಲ್ಲಿ ನಿಲ್ಲುವುದುಂಟು, ಆದರೆ ರಸ್ತೆಯಿಂದ ನೋಡಬೇಕಷ್ಟೇ. ಮೊಬೈಲಿನ ವೈಫೈ, ಬ್ಲೂಟೂತ್ ಆರಿಸಬೇಕು, ಅಲ್ಲಿನ ಉಪಕರಣಗಳಿಗೆ ಅಡ್ಡಿಯಾಗುತ್ತದೆ. ನೀವು ಭೂವಿಜ್ಞಾನವೋ ಸಾಗರ ವಿಜ್ಞಾನವೋ ಓದಿ ಸಂಶೋಧಕರಾಗಿಯೇ ಹೋಗುವ ಗುರಿ ಇಟ್ಟುಕೊಳ್ಳಿ ತಮ್ಮಾ, ಒಳಗೇ ಉಳಿಯಬಹುದು.

ನಾನು ಮಾಂದಲಪಟ್ಟಿಗೆ ಜೀಪ್ ಓಡಿಸುತ್ತೇನೆ. ಅಲ್ಲಿನ ಗೈಡ್‌ಗಳು ಹೇಗೆ ಕೆಲಸ ಮಾಡುತ್ತಾರೆ? ನಾವು ಕಲಿಯುವಂಥದ್ದು ಏನಾದರೂ ಇದೆಯಾ?
— ಜೀಪ್ ಚಾಲಕ, ಮಕ್ಕಂದೂರು

ಬಂದ ಪತ್ರಗಳಲ್ಲೆಲ್ಲ ನನಗೆ ತುಂಬಾ ಸಂತೋಷ ಕೊಟ್ಟಿದ್ದು ನಿಮ್ಮದು. ಆ ದಾರಿಯಲ್ಲಿ ಜೀಪ್ ಏರಿಸುವುದು ಸುಲಭದ ಕೆಲಸ ಅಲ್ಲ ಅಂತ ಮೊದಲು ಹೇಳಿಬಿಡುತ್ತೇನೆ. ಅಲ್ಲಿನ ಎಷ್ಟೋ ಚಾಲಕರಿಗೆ ಆ ಕೈಚಳಕ ಇಲ್ಲ.

ನಾನು ಗಮನಿಸಿದ್ದು: ಅವರು ಹೊರಡುವ ಮೊದಲು ಹತ್ತು ನಿಮಿಷ ಮಾತಾಡುತ್ತಾರೆ. ಇವತ್ತು ಎಲ್ಲಿಗೆ, ಎಷ್ಟು ಹೊತ್ತು, ಏನು ಕಾಣಬಹುದು, ಏನು ಕಾಣದೇ ಇರಬಹುದು, ಏನು ಮಾಡಬಾರದು. ಆಸೆ ಹುಟ್ಟಿಸಿ ಆಮೇಲೆ ನಿರಾಸೆ ಮಾಡುವುದಿಲ್ಲ. ಎಲ್ಲರ ಕೈಗವಸು, ಶೂ ನೋಡುತ್ತಾರೆ. ಸ್ವಾಲ್ಬಾರ್ಡ್‌ನಲ್ಲಿ ನಮ್ಮ ದೋಣಿ ಟೂರು ಅರ್ಧಕ್ಕೇ ವಾಪಸ್ ಬಂತು. ಗಾಳಿ ಏಳುತ್ತಿದೆ, ಹಿಮನದಿ ತನಕ ಹೋಗುವುದಿಲ್ಲ ಅಂತ ಗೈಡ್ ಒಂದೇ ಮಾತಲ್ಲಿ ಹೇಳಿದರು. ಇಬ್ಬರು ಪ್ರವಾಸಿಗರು ಗಲಾಟೆ ಮಾಡಿದರು. ಅವರು ಸಿಟ್ಟಾಗಲಿಲ್ಲ, ಮನಸ್ಸೂ ಬದಲಿಸಲಿಲ್ಲ. ದಂಡೆಗೆ ಬಂದ ಮೇಲೆ ಅರ್ಧ ದುಡ್ಡು ವಾಪಸ್ ಬಂತು. ನನಗೆ ಹಿಮನದಿಯ ಬಾಯಿ ನೋಡುವ ಆಸೆ ಬಹಳ ಇತ್ತು, ಆದರೂ ಆ ಮನುಷ್ಯನ ಮೇಲೆ ಗೌರವ ಜಾಸ್ತಿಯೇ ಆಯಿತು. ಮಳೆಯಲ್ಲಿ ದಾರಿ ಕೆಸರಾಗಿ ಕುಸಿಯುತ್ತಿದ್ದಾಗ "ಇವತ್ತು ಬೇಡ ಸಾರ್" ಅಂತ ಹೇಳುವ ಧೈರ್ಯ ನಮ್ಮ ಚಾಲಕರಿಗೂ ಬೇಕು. ಹಾಗೆ ಹೇಳಿದ್ದಕ್ಕೆ ಅವರ ಆ ದಿನದ ದುಡಿಮೆ ಕೈತಪ್ಪದ ಹಾಗೆ ಏನಾದರೂ ಏರ್ಪಾಡೂ ಬೇಕು. ಅದಿಲ್ಲದೆ ಬರೀ ಧೈರ್ಯ ಕೇಳುವುದು ನ್ಯಾಯ ಅಲ್ಲ.

ಇನ್ನೊಂದು, ನಿಲ್ಲಿಸಿದ ತಕ್ಷಣ ಎಂಜಿನ್ ಆರಿಸುತ್ತಾರೆ. ಹಾಡು ಹಾಕುವುದಿಲ್ಲ. ಆ ನಿಶ್ಶಬ್ದಕ್ಕೇ ಜನ ದುಡ್ಡು ಕೊಟ್ಟು ಬರುತ್ತಾರೆ. ಆಮೇಲೆ ಕತೆ ಹೇಳುತ್ತಾರೆ, ಗಣಿ ಕಾರ್ಮಿಕರದ್ದು, ಬೇಟೆಗಾರರದ್ದು, ತಮ್ಮದೇ ಅಜ್ಜನದ್ದು. ನಿಮಗೆ ಗೊತ್ತಿರುವ ಶೋಲಾ ಕಾಡು, ಹುಲ್ಲುಗಾವಲು, ಯಾವ ಹೂವು ಯಾವ ತಿಂಗಳು, ಯಾವ ತಿರುವಿನಲ್ಲಿ ಕಾಟಿ ದಾಟುತ್ತದೆ ಎಲ್ಲ ಕತೆಯೇ. ಬಂದವರಿಗೆ ಯಾರೂ ಹೇಳುವುದಿಲ್ಲ. ನೀವು ಹೇಳಿ. ಸ್ವಾಲ್ಬಾರ್ಡ್‌ನಲ್ಲಿ ಟ್ರೊಮ್ಸೊ ವಿಶ್ವವಿದ್ಯಾಲಯ ಪ್ರಕೃತಿ ಗೈಡ್ ಆಗುವವರಿಗೆ ಅಂತಲೇ ಒಂದು ವರ್ಷದ ಕೋರ್ಸು ನಡೆಸುತ್ತದೆ. ನಮ್ಮ ಪಶ್ಚಿಮ ಘಟ್ಟಕ್ಕೂ ಅಂಥದ್ದು ಬೇಕು ಅಂತ ನನಗೆ ಬಲವಾಗಿ ಅನಿಸುತ್ತದೆ.

ಹಿಮ ಕರಗುತ್ತಿದೆ ಅನ್ನುತ್ತಾರೆ. ಇಂಥ ಹೊತ್ತಲ್ಲಿ ವಿಮಾನ ಹತ್ತಿ ಅಲ್ಲಿಗೆ ಪ್ರವಾಸ ಹೋಗುವುದು ಸರಿಯಾ?
— ಓದುಗರು, ಮಾದಾಪುರ

ಈ ಪ್ರಶ್ನೆ ನನ್ನನ್ನೂ ಕಾಡಿದೆ. ಜಗತ್ತಿನಲ್ಲಿ ಅತಿ ವೇಗವಾಗಿ ಬಿಸಿಯಾಗುತ್ತಿರುವ ಜಾಗಗಳಲ್ಲಿ ಸ್ವಾಲ್ಬಾರ್ಡ್ ಒಂದು. ವಿಮಾನದ ಹೊಗೆಗೂ ಅದಕ್ಕೂ ಸಂಬಂಧ ಇಲ್ಲ ಅಂತ ನಾನು ಹೇಳಲಾರೆ. ನಾನು ಕಂಡುಕೊಂಡ ದಾರಿ ಇಷ್ಟೇ: ಪ್ರತಿ ವರ್ಷ ಓಡುವುದಿಲ್ಲ, ಹೋದರೆ ಯೂರೋಪಿಗೆ ಬೇರೆ ಕೆಲಸಕ್ಕೆ ಹೋದಾಗಲೇ ಸೇರಿಸಿಕೊಳ್ಳುತ್ತೇನೆ, ದೊಡ್ಡ ಹಡಗು ಹತ್ತುವುದಿಲ್ಲ, ಅಲ್ಲೇ ಬದುಕುವ ಜನ ನಡೆಸುವ ಚಿಕ್ಕ ಟೂರಿಗೇ ದುಡ್ಡು ಕೊಡುತ್ತೇನೆ. ನಿಮಗೆ ಇದು ಸಾಲದು ಅನಿಸಿದರೆ ಹೋಗದೇ ಇರುವುದೂ ಸರಿಯೇ.

ಒಂದು ದೃಶ್ಯ ಹೇಳುತ್ತೇನೆ. ಲಾಂಗ್‌ಇಯರ್‌ಬೈನ್‌ನಲ್ಲಿ ವ್ಯಾನ್ ಟೂರು ಮುಗಿಯುವ ಹೊತ್ತಿಗೆ ಗೈಡ್ ಊರ ಪಕ್ಕದ ಬೆಟ್ಟದ ಕೆಳಗೆ ನಿಲ್ಲಿಸಿದರು. ಬೆಟ್ಟದ ಹೆಸರು ಸುಕ್ಕರ್‌ಟೊಪ್ಪನ್. 2015ರ ಡಿಸೆಂಬರ್ 19ರ ಬೆಳಿಗ್ಗೆ ಅಲ್ಲಿಂದ ಹಿಮ ಕುಸಿದು ಹನ್ನೊಂದು ಮನೆಗಳನ್ನು ತಳ್ಳಿಕೊಂಡು ಹೋಯಿತು. ಇಬ್ಬರು ಸತ್ತರು, ಒಬ್ಬಳು ಎರಡು ವರ್ಷದ ಮಗು. ಹಿಂದಿನ ರಾತ್ರಿ ಜೋರು ಬಿರುಗಾಳಿ ಬೀಸಿತ್ತು. ಆಮೇಲೆ ಅಪಾಯದ ಜಾಗದ ಮನೆಗಳನ್ನು ಕೆಡವಿದರು, ಬೆಟ್ಟದ ಮೇಲೆ ಹಿಮ ತಡೆಯುವ ಬೇಲಿ ಸಾಲುಗಳನ್ನು ಕಟ್ಟಿದರು. ಜೊತೆಗಿದ್ದವರು ಕೇಳಿಸಿಕೊಂಡು ವ್ಯಾನ್ ಹತ್ತಿದರು. ನನಗೆ ಹತ್ತಲು ಆಗಲಿಲ್ಲ. 2018ರ ಆಗಸ್ಟ್‌ನಲ್ಲಿ ಮಕ್ಕಂದೂರು, ಜೋಡುಪಾಲ, ಹಟ್ಟಿಹೊಳೆ ಕಡೆ ಬೆಟ್ಟ ಜಾರಿ ಬಂದ ದಿನಗಳು ಕಣ್ಣ ಮುಂದೆ ಬಂದವು. ಅಲ್ಲಿ ಹಿಮ, ಇಲ್ಲಿ ಮಣ್ಣು. ಗೈಡ್‌ಗೆ ನಮ್ಮೂರಲ್ಲೂ ಹೀಗಾಗಿತ್ತು ಅಂತ ಹೇಳಿದೆ. ಅವರು ಎಂಜಿನ್ ಆರಿಸಿ ಕೆಳಗಿಳಿದು ಬಂದರು. ಎಷ್ಟು ಮನೆ, ಎಷ್ಟು ಜನ, ಈಗ ಎಲ್ಲಿದ್ದಾರೆ, ಆ ಬೆಟ್ಟಕ್ಕೆ ಏನು ಮಾಡಿದ್ದೀರಿ ಅಂತ ಒಂದೊಂದಾಗಿ ಕೇಳಿದರು. ಕೊನೆಯ ಪ್ರಶ್ನೆಗೆ ನನ್ನ ಬಳಿ ಸರಿಯಾದ ಉತ್ತರ ಇರಲಿಲ್ಲ.

ನೀವು ಹೋದರೆ ಆ ಬೇಲಿ ಸಾಲು ತೋರಿಸಿ ಅಂತ ಗೈಡ್‌ಗೆ ಕೇಳಿ. ಊರ ಮುಖ್ಯ ರಸ್ತೆಯಿಂದಲೇ ಕಾಣುತ್ತದೆ.